ನಾಲ್ಕು ಹೆಸರಿನವನು

ಕೊನೆಯಲ್ಲಿ ಹೆಸರುಗಳು ಮೇಲೇರುವಾಗ
ನಾನು ನಾಲ್ಕು ಜನ.
ಧ್ವನಿಗ್ರಹಣ: ಇನಾಯತ್.
ಎರಡನೇ ಕ್ಯಾಮೆರಾ: ಎಸ್. ಐ. ಪಾಷ.
ಫೋಕಸ್: ಇನ್ನು, ಶಿಡ್ಲಘಟ್ಟ.
ವಾಹನ: ಸೈಯದ್.
ಒಂದೇ ಹೆಸರು ನಾಲ್ಕು ಸಲ ಬಂದರೆ
ಯೂನಿಟ್ಟು ಬಡವಾಗಿ ಕಾಣುತ್ತದೆಂದು
ನಿರ್ದೇಶಕರೇ ನನ್ನನ್ನು ಹೀಗೆ ಪಾಲು ಮಾಡಿದರು.
ಸಂಬಳ ಮಾತ್ರ ಪಾಲಾಗದೆ ಒಂದೇ ಉಳಿಯಿತು,
ಅದೂ ಅರ್ಧ ಬಾಕಿ.

ಉದ್ದ ಕೋಲು, ಕೋಲಿನ ತುದಿಗೆ ಮೈಕು,
ಮೈಕಿಗೊಂದು ನಾಯಿಮರಿಯಂಥ ತುಪ್ಪಳದ ಕೋಟು.
ಫ್ರೇಮಿನ ಅಂಚಿಗೆ ನಾಲ್ಕು ಬೆರಳು ಮೇಲೆ ನಿಲ್ಲಬೇಕು.
ಒಂದು ಬೆರಳು ಜಾರಿದರೆ ಬೈಗುಳ,
ಜಾರದಿದ್ದರೆ ಯಾರೂ ಏನೂ ಅನ್ನುವುದಿಲ್ಲ.
ಹನ್ನೊಂದು ವರ್ಷ ದುಡಿದು
ಯಾರೂ ಏನೂ ಅನ್ನದಿರುವುದನ್ನು
ಸಂಪಾದಿಸಿದ್ದೇನೆ.

ಕಿವಿ ಬಂದದ್ದು ಅಬ್ಬಾನಿಂದ.
ಚರಕದ ಮುಂದೆ ಕೂತು, ಹಬೆಗೆ ಕಣ್ಣು ಮಂಜಾಗಿ,
ಬಾಣಲೆಯಲ್ಲಿ ಗೂಡು ಕುದಿಯುವ ಗದ್ದಲದೊಳಗೆ
ಎಳೆ ಕಡಿದದ್ದನ್ನು ಕೇಳಿಯೇ ಹಿಡಿಯುತ್ತಿದ್ದರು.
ಕೂದಲಿಗಿಂತ ಸಣ್ಣ ಎಳೆ,
ಅದು ಕಡಿದರೆ ಏನು ಸದ್ದಾದೀತು ಅಬ್ಬಾ?
"ಸದ್ದಾಗೋದಿಲ್ಲ ಬೇಟಾ.
ಇದ್ದ ಸದ್ದೊಂದು ಇಲ್ಲವಾಗುತ್ತೆ."

ಆ ಸಿನಿಮಾಕ್ಕೆ ಮಳೆ ಬೇಕಿತ್ತು.
ಟ್ಯಾಂಕರಿಗೆ ದುಡ್ಡಿಲ್ಲ, ಮೋಡಕ್ಕೆ ಕಾಯಲು ದಿನವಿಲ್ಲ.
ನಾಯಕಿ ಮುಚ್ಚಿದ ಕಿಟಕಿಯ ಪಕ್ಕ ಕೂತು
ಹೊರಗಿನ ಮಳೆ ಕೇಳುತ್ತಾಳೆ, ಅಷ್ಟೆ.
ತೋರಿಸೋದು ಬೇಡ, ಕೇಳಿಸಿದರೆ ಸಾಕು ಇನ್ನು, ಅಂದರು.

ರಾತ್ರಿ ಎರಡಕ್ಕೆ ಮೇಲೂರಿನ ಪಿಳ್ಳಮ್ಮನ ಹುಳದ ಮನೆ.
ನಾಲ್ಕನೇ ಜ್ವರ ಎದ್ದ ಹುಳ, ಹಸಿವೋ ಹಸಿವು.
ಚಪ್ಪಲಿ ಬಿಟ್ಟು, ಕೈಕಾಲು ತೊಳೆದು,
ಬೀಡಿ ಸೇದಿಲ್ಲವೆಂದು ಆಣೆಯಿಟ್ಟು ಒಳಗೆ ಹೋದೆ.
ಅವಳು ಸೊಪ್ಪು ಹರಡಿದಳು.
ಹೆಡ್‌ಫೋನಿನಲ್ಲಿ ಮೊದಲು ಏನೂ ಇಲ್ಲ.
ಆಮೇಲೆ ಒಂದು ಹನಿ.
ಎಲೆಯ ಮೇಲೆ ಇನ್ನೊಂದು.
ಆಮೇಲೆ ಇಡೀ ಹೋಬಳಿಯ ಮೇಲೆ
ಬಿಟ್ಟೂಬಿಡದ ಸೋನೆ.
ನಲವತ್ತು ಸಾವಿರ ಬಾಯಿ.
"ಏನಪ್ಪಾ, ಏನಾದ್ರೂ ಕೇಳಿಸ್ತೈತಾ?"
ಟೇಕು ಕೆಟ್ಟಿತು. ಹೆಡ್‌ಫೋನು ತೆಗೆದು
ಅವಳ ಕಿವಿಗೆ ಇಟ್ಟೆ.
ಮೂವತ್ತು ವರ್ಷ ಹುಳ ಸಾಕಿದವಳು
ಮೆಲ್ಲಗೆ ಸೆರಗನ್ನು ತಲೆ ಮೇಲೆ ಎಳೆದುಕೊಂಡಳು,
ನೆನೆಯುತ್ತಿರುವವಳ ಹಾಗೆ.

ಹದಿನೈದು ದಿನಕ್ಕೆ ಆ ಮಳೆಯೆಲ್ಲ ಗೂಡಾಗಿ
ಮಾರ್ಕೆಟ್ಟಿಗೆ ಬಂತು, ಹರಾಜಾಯಿತು.
ಯಾರು ಹಿಡಿದರೆಂದು ನಾನು ಕೇಳಲಿಲ್ಲ.
ಅಬ್ಬಾ ಆ ವಾರ ಗೂಡು ಕೊಂಡಿದ್ದರು.

ಯಾವ ಜಾಗ ಬಿಡುವ ಮುನ್ನವೂ
ಎಲ್ಲರನ್ನೂ ಒಂದು ನಿಮಿಷ ನಿಲ್ಲಿಸುತ್ತೇನೆ.
ಯಾರೂ ಅಲುಗಾಡಬೇಡಿ, ಫೋನು ಆಫ್.
ಖಾಲಿ ಕೋಣೆಯ ಸದ್ದು ಬೇಕು,
ಮಾತು ಮಾತಿನ ನಡುವೆ ತೇಪೆ ಹಚ್ಚಲು.
ಜೀಪಿನ ಡ್ರೈವರಿನಿಂದ ನಿರ್ಮಾಪಕರ ಭಾವಮೈದುನನವರೆಗೆ
ಎಲ್ಲರೂ ಉಸಿರು ಬಿಗಿಹಿಡಿದು ನನ್ನ ಮುಖ ನೋಡುತ್ತಾರೆ.
ದಿನಕ್ಕೆ ಒಂದೇ ನಿಮಿಷ ನಾನು ಕಾಣುವುದು.
ಅಂಥ ನಿಮಿಷಗಳು ಒಂದು ಡಬ್ಬಿ ತುಂಬ ಇವೆ.
ಅಬ್ಬಾನ ಶೆಡ್ಡಿನದೂ ಒಂದಿದೆ,
ಚರಕ ಮಾರಿದ ಮರುದಿನದ್ದು.
ಅದನ್ನು ಯಾವ ಸಿನಿಮಾಕ್ಕೂ ಕೊಟ್ಟಿಲ್ಲ.

ಚಿಕ್ಕಬಳ್ಳಾಪುರದ ಕಾಲೇಜೊಂದರ ಹಾಲಿನಲ್ಲಿ ತೋರಿಸಿದರು.
ಪ್ಲಾಸ್ಟಿಕ್ ಕುರ್ಚಿ, ಎರಡರಲ್ಲಿ ಒಂದೇ ಸ್ಪೀಕರು ನೆಟ್ಟಗೆ.
ಕಿಟಕಿಯ ದೃಶ್ಯಕ್ಕೆ ಎಲ್ಲರೂ ಸುಮ್ಮನಾದರು.
ಪಕ್ಕದವರು ಕೊಡೆ ತಂದಿಲ್ಲವಲ್ಲ ಎಂದು
ಒಮ್ಮೆ ಬಾಗಿಲ ಕಡೆ ನೋಡಿದ್ದನ್ನು ನಾನೇ ಕಂಡೆ.
ಆಗ ಹಿಂದಿನ ಸಾಲಿನಿಂದ, ತಡೆಯಲಾರದೆ, ಪಿಳ್ಳಮ್ಮ:
"ಸೊಪ್ಪು ಸಾಲ್ದು ಕಣ್ರೋ, ಇನ್ನೊಂದು ಮಂಕರಿ ಹಾಕ್ರೋ!"
ಜನ ನಕ್ಕರು.
ನಿರ್ದೇಶಕರು ತಿರುಗಿ ನೋಡಿದ್ದು ನನ್ನನ್ನು.

ಹೆಸರುಗಳು ಮೇಲೇರುತ್ತಿದ್ದವು.
ಓದು ಬಾರದ ಅವಳು ಪಕ್ಕ ಬಂದು ಕೂತು
ಇದರಾಗೆ ನೀನ್ಯಾವನು, ಅಂದಳು.
ನಾಲ್ಕು ಸಲ ಬೆರಳು ತೋರಿಸಿದೆ.
"ನಮ್ಮ ಹುಳದ್ದು?"
ಅಷ್ಟರಲ್ಲಿ ಯಾರೋ ಲೈಟು ಹಾಕಿದರು.